ಗುವಾಹಟಿ ಅಲ್ಲ, ದಿಸ್ಪುರ: ಈಶಾನ್ಯದ ಎಂಟು ರಾಜ್ಯಗಳ ರಾಜಧಾನಿ ನೆನಪಿಡೋದು ಹೇಗೆ?

ನಮ್ಮ ಬಸ್ ಸ್ಟ್ಯಾಂಡ್ ಹತ್ತಿರದ ಹೋಟೆಲ್‌ನಲ್ಲಿ ಒಬ್ಬ ಹುಡುಗ ಕೆಲಸ ಮಾಡ್ತಾನೆ. ಎಲ್ಲರೂ ಅವನನ್ನ ‘ಅಸ್ಸಾಂ ಹುಡುಗ’ ಅಂತಾನೇ ಕರೀತಾರೆ. ಮೊನ್ನೆ ಊರಿಗೆ ಬಟ್ಟೆ ಪಾರ್ಸೆಲ್ ಕಳಿಸೋಕೆ ಅವನ ಪರವಾಗಿ ಮಾಲೀಕರು ವಿಳಾಸ ಬರೆದರು: ‘ಅಗರ್ತಲಾ, ಅಸ್ಸಾಂ’. ಹುಡುಗ ನಗುತ್ತಾ, “ಅಣ್ಣಾ, ನಂದು ತ್ರಿಪುರ” ಅಂದ. ಎರಡು ವರ್ಷದಿಂದ ಜೊತೆಗಿದ್ದಾನೆ, ಅವನ ರಾಜ್ಯ ಯಾವುದು ಅಂತ ಗೊತ್ತಾಗಿದ್ದು ಅವತ್ತೇ.

ನಗೋ ಹಾಗಿಲ್ಲ, ನಾನೂ ಅದೇ ಗುಂಪಿನವನು. ಡಿಗ್ರಿ ಅರ್ಧಕ್ಕೆ ಬಿಟ್ಟು ಕಾನ್‌ಸ್ಟೇಬಲ್ ಪರೀಕ್ಷೆಗೆ ಓದುವಾಗ ಒಂದು ಮಾಕ್ ಟೆಸ್ಟ್‌ನಲ್ಲಿ ಅಸ್ಸಾಂ ರಾಜಧಾನಿ ಗುವಾಹಟಿ ಅಂತ ಗುರುತು ಹಾಕಿದ್ದೆ. ಅಂಕ ಹೋಯ್ತು, ಜೊತೆಗೆ ಕಾಲು ಅಂಕ ಕಟ್ ಆಯ್ತು. ಉರು ಹೊಡೆದಿದ್ದು ಮೂರೇ ದಿನಕ್ಕೆ ಮರೆತು ಹೋಗುತ್ತೆ. ನಕ್ಷೆ ಹಾಕಿ ಕಲಿತದ್ದು ಉಳಿಯುತ್ತೆ. ಆ ವಿಧಾನ ಇಲ್ಲಿದೆ.

ಒಂದು ಹಾಳೆ ಸಾಕು

ಹಾಳೆಯ ನಡುವೆ ಅಸ್ಸಾಂ ಅಂತ ಬರೆಯಿರಿ. ಸುತ್ತಲಿನ ಆರೂ ರಾಜ್ಯಗಳಿಗೆ ಅಸ್ಸಾಂ ಗಡಿ ತಾಗುತ್ತೆ. ಆಮೇಲೆ ಮೇಲಿನಿಂದ ಶುರು ಮಾಡಿ ಗಡಿಯಾರದ ಮುಳ್ಳು ತಿರುಗುವ ದಿಕ್ಕಿನಲ್ಲಿ ಬನ್ನಿ: ಅರುಣಾಚಲ, ನಾಗಾಲ್ಯಾಂಡ್, ಮಣಿಪುರ, ಮಿಜೋರಾಂ, ತ್ರಿಪುರ, ಮೇಘಾಲಯ. ಅದೇ ಸುತ್ತಿನಲ್ಲಿ ರಾಜಧಾನಿಗಳು: ಇಟಾನಗರ, ಕೊಹಿಮಾ, ಇಂಫಾಲ, ಐಜ್ವಾಲ್, ಅಗರ್ತಲಾ, ಶಿಲ್ಲಾಂಗ್. ನಡುವೆ ದಿಸ್ಪುರ.

ಸಿಕ್ಕಿಂ ಈ ಸುತ್ತಿನಲ್ಲಿ ಬರಲ್ಲ. ಎಡಗಡೆ ಸ್ವಲ್ಪ ದೂರದಲ್ಲಿ ಬೇರೆಯಾಗಿ ಬರೆಯಿರಿ, ಮಧ್ಯೆ ಪಶ್ಚಿಮ ಬಂಗಾಳದ ಜಾಗ ಇದೆ. ಅದರ ರಾಜಧಾನಿ ಗ್ಯಾಂಗ್ಟಾಕ್. ಅದಕ್ಕೇ ‘ಸಪ್ತ ಸೋದರಿಯರು’ ಅಂದರೆ ಏಳು, ಸಿಕ್ಕಿಂ ಸೇರಿಸಿದರೆ ಎಂಟು.

ಒಂದೊಂದಕ್ಕೆ ಒಂದು ಗುರುತು

ದಿಸ್ಪುರ (ಅಸ್ಸಾಂ): ಇದು ಗುವಾಹಟಿ ನಗರದ ಒಳಗಿನದ್ದೇ ಒಂದು ಭಾಗ. ವಿಧಾನಸಭೆ, ಸಚಿವಾಲಯ ಇರೋದು ಇಲ್ಲಿ. ಪರೀಕ್ಷೆಯಲ್ಲಿ ಕೇಳಿದರೆ ಉತ್ತರ ದಿಸ್ಪುರವೇ.

ಶಿಲ್ಲಾಂಗ್ (ಮೇಘಾಲಯ): ಮೊದಲು ಅಸ್ಸಾಂ ರಾಜಧಾನಿಯೂ ಇದೇ ಆಗಿತ್ತು. 1972ರಲ್ಲಿ ಮೇಘಾಲಯ ರಾಜ್ಯ ಆದಾಗ ಶಿಲ್ಲಾಂಗ್ ಅವರ ಪಾಲಿಗೆ ಹೋಯ್ತು, ಅಸ್ಸಾಂ ದಿಸ್ಪುರಕ್ಕೆ ಬಂತು. ಇದೊಂದು ಕಥೆ ಗೊತ್ತಿದ್ದರೆ ಎರಡು ರಾಜಧಾನಿ ಒಟ್ಟಿಗೇ ನೆನಪಿರುತ್ತೆ. ಮಳೆಗೆ ಹೆಸರಾದ ಚಿರಾಪುಂಜಿ ಇದೇ ರಾಜ್ಯದ್ದು, ಆದರೆ ರಾಜಧಾನಿ ಅಲ್ಲ.

ಇಟಾನಗರ (ಅರುಣಾಚಲ ಪ್ರದೇಶ): ಇಲ್ಲಿನ ಇಟಾ ಕೋಟೆಯಿಂದ ಬಂದ ಹೆಸರು. ಇಟಾ ಅಂದರೆ ಇಟ್ಟಿಗೆ. ಇಟ್ಟಿಗೆ–ಇಟಾನಗರ, ನಮಗೆ ಸುಲಭ.

ಕೊಹಿಮಾ (ನಾಗಾಲ್ಯಾಂಡ್): 1944ರಲ್ಲಿ ಜಪಾನ್ ಸೈನ್ಯವನ್ನು ತಡೆದ ದೊಡ್ಡ ಯುದ್ಧ ನಡೆದ ಊರು, ಯುದ್ಧ ಸ್ಮಶಾನ ಈಗಲೂ ಇದೆ. ರೈಲು, ವಿಮಾನ ಬಂದು ನಿಲ್ಲುವ ದೊಡ್ಡ ಪೇಟೆ ದಿಮಾಪುರ. ಅದನ್ನೇ ರಾಜಧಾನಿ ಅಂದುಕೊಳ್ಳಬೇಡಿ.

ಇಂಫಾಲ (ಮಣಿಪುರ): ಅಂಗಡಿಯವರು ಇದನ್ನ ಮರೆಯಲ್ಲ. ಇಲ್ಲಿನ ಇಮಾ ಕೈಥೆಲ್ ಮಾರುಕಟ್ಟೆಯಲ್ಲಿ ವ್ಯಾಪಾರ ಮಾಡೋದು ಹೆಂಗಸರು ಮಾತ್ರ. ಇಮಾ ಅಂದರೆ ಅಮ್ಮ.

ಐಜ್ವಾಲ್ (ಮಿಜೋರಾಂ): ಬೆಟ್ಟದ ನೆತ್ತಿ ಮೇಲಿನ ಊರು. ಈ ಕಡೆಯ ಹೆದ್ದಾರಿ ಬದಿಯಲ್ಲಿ ಅಂಗಡಿಯವರೇ ಇಲ್ಲದ ಅಂಗಡಿಗಳಿವೆ. ತರಕಾರಿ, ಹಣ್ಣು ಇಟ್ಟು ದರ ಬರೆದು ಹೊಲಕ್ಕೆ ಹೋಗ್ತಾರೆ, ಗಿರಾಕಿಗಳು ಡಬ್ಬಿಗೆ ದುಡ್ಡು ಹಾಕಿ ಸಾಮಾನು ತಗೊಂಡು ಹೋಗ್ತಾರೆ.

ಅಗರ್ತಲಾ (ತ್ರಿಪುರ): ಬಾಂಗ್ಲಾದೇಶದ ಗಡಿಗೆ ಅಂಟಿಕೊಂಡ ಊರು. ಬೆಂಗಳೂರಿನಿಂದ ಹೊರಡುವ ಹಮ್‌ಸಫರ್ ಎಕ್ಸ್‌ಪ್ರೆಸ್ ರೈಲು ಇಲ್ಲಿಯವರೆಗೂ ಹೋಗುತ್ತೆ.

ಗ್ಯಾಂಗ್ಟಾಕ್ (ಸಿಕ್ಕಿಂ): ರಾಜರ ಆಳ್ವಿಕೆಯಲ್ಲಿದ್ದ ನಾಡು 1975ರಲ್ಲಿ ಭಾರತದ 22ನೇ ರಾಜ್ಯ ಆಯ್ತು.

ಪಾರ್ಸೆಲ್ ಬರೆಯುವವರಿಗೆ

ರಾಜ್ಯ ಸರಿಯಾಗಿ ಬರೆದಿದ್ದೀರಾ ಅನ್ನೋದಕ್ಕೆ ಪಿನ್ ಕೋಡ್‌ನ ಮೊದಲ ಅಂಕಿಗಳನ್ನ ನೋಡಿ:

- 78: ಅಸ್ಸಾಂ
- 790ರಿಂದ 792: ಅರುಣಾಚಲ ಪ್ರದೇಶ
- 793, 794: ಮೇಘಾಲಯ
- 795: ಮಣಿಪುರ
- 796: ಮಿಜೋರಾಂ
- 797, 798: ನಾಗಾಲ್ಯಾಂಡ್
- 799: ತ್ರಿಪುರ
- 737: ಸಿಕ್ಕಿಂ

ಪಿನ್ 799 ಇದ್ದು ರಾಜ್ಯ ಅಸ್ಸಾಂ ಅಂತಿದ್ದರೆ ಎಲ್ಲೋ ತಪ್ಪಿದೆ ಅಂತಲೇ ಅರ್ಥ. ಕಳಿಸುವ ಮುಂಚೆ ಒಂದು ಸಲ ಕೇಳಿಬಿಡಿ.

ಇಷ್ಟೆಲ್ಲಾ ಯಾಕೆ ಬೇಕು?

ಪರೀಕ್ಷೆಗೆ ಒಂದು ಅಂಕ ಸಿಗುತ್ತೆ, ಅದು ಸರಿ. ಅದಕ್ಕಿಂತ ದೊಡ್ಡದೂ ಇದೆ. 2012ರ ಆಗಸ್ಟ್‌ನಲ್ಲಿ ಮೊಬೈಲ್‌ಗಳಲ್ಲಿ ಹರಿದಾಡಿದ ಸುಳ್ಳು ಸುದ್ದಿಗೆ ಹೆದರಿ ಈಶಾನ್ಯದ ಸಾವಿರಾರು ಜನ ಬೆಂಗಳೂರು ಬಿಟ್ಟು ಗುವಾಹಟಿ ರೈಲು ಹತ್ತಿದ್ದರು. ಸೆಕ್ಯುರಿಟಿ, ಹೋಟೆಲ್, ಪಾರ್ಲರ್ ಕೆಲಸದಲ್ಲಿದ್ದವರು ಅದರಲ್ಲಿ ಬಹಳ ಇದ್ದರು. ಇಂಥ ಹೊತ್ತಲ್ಲಿ “ಏನೂ ಆಗಲ್ಲ, ನಾವಿದ್ದೀವಿ” ಅಂತ ಹೇಳೋಕೆ ಪರಿಚಯದ ಜನ ಬೇಕು. ಊರು ಯಾವುದು ಅಂತ ಕೇಳೋದರಿಂದಲೇ ಪರಿಚಯ ಶುರು ಆಗೋದು.

ನಾವು ಹೊರಗೆ ಹೋದಾಗ ಯಾರಾದರೂ ನಮ್ಮನ್ನ ‘ಮದರಾಸಿ’ ಅಂದರೆ ಎಷ್ಟು ಕಿರಿಕಿರಿ ಆಗುತ್ತೆ! ಅವರಿಗೂ ಅಷ್ಟೇ. ಎಲ್ಲರನ್ನೂ ‘ಅಸ್ಸಾಂ’ ಅನ್ನೋದು, ಇನ್ನೂ ಕೆಟ್ಟದಾಗಿ ‘ನೇಪಾಳಿ’, ‘ಚೀನಾದವನು’ ಅನ್ನೋದು ಬಿಡೋಣ. ನಿಮ್ಮ ಅಂಗಡಿಯಲ್ಲೋ ಪಕ್ಕದ ಅಂಗಡಿಯಲ್ಲೋ ಆ ಕಡೆಯವರು ಇದ್ದರೆ ಇವತ್ತೇ ಕೇಳಿ: ಯಾವ ರಾಜ್ಯ, ಯಾವ ಊರು? ಉತ್ತರ ಬಂದ ಮೇಲೆ ನೀವು ಹಾಕಿದ ನಕ್ಷೆಯಲ್ಲಿ ಅದು ಎಲ್ಲಿದೆ ಅಂತ ತೋರಿಸಿ.

ಹೋಟೆಲ್ ಮಾಲೀಕರು ಆ ವಿಳಾಸ ತಿದ್ದಿ ಬರೆದು ಕಳಿಸಿದರು. ಪಾರ್ಸೆಲ್ ಅಗರ್ತಲಾ ಮುಟ್ಟಿದೆ. ಹುಡುಗನನ್ನ ಈಗ ಹೋಟೆಲ್‌ನಲ್ಲಿ ಹೆಸರು ಹಿಡಿದೇ ಕರೀತಾರೆ.