ಮೂರು ಲೈಫಿನ ವೀರ, ಒಂದೇ ಜೀವದ ವೀರ

ಸಿನಿಮಾದ ಮಹಾವೀರ ಅಂಗೈ ಅಗಲದ ಆಟಕ್ಕೆ ಇಳಿದಾಗ ಉಳಿದದ್ದೇನು, ಕಳೆದದ್ದೇನು? ಹಾನಗಲ್ ಸೀಮೆಯ ವೀರಗಲ್ಲುಗಳ ಜೊತೆ ಇಟ್ಟು ನೋಡಿದರೆ ಉತ್ತರ ಹೊಳೆಯುತ್ತದೆ.

ವಿಡಿಯೊ ಗೇಮ್ ಆಡುವ ಹುಡುಗರ ಬಾಯಲ್ಲಿ ಒಂದು ಮಾತು ಸದಾ ಇರುತ್ತದೆ. ಪರದೆಯ ಮೇಲಿನ ವೀರ ಹೊಂಡಕ್ಕೆ ಬಿದ್ದೋ, ಶತ್ರುವಿನ ಗುಂಡು ತಗುಲಿಯೋ ಸತ್ತರೆ ಆಡುವವನು ಎದೆಗುಂದುವುದಿಲ್ಲ. 'ಇನ್ನೂ ಎರಡು ಲೈಫ್ ಅದಾವ' ಎಂದು ಮತ್ತೆ ಗುಂಡಿ ಒತ್ತುತ್ತಾನೆ. ವೀರ ಎದ್ದು ನಿಂತು ಮತ್ತೆ ಓಡತೊಡಗುತ್ತಾನೆ.

ಹಾನಗಲ್ಲಿನ ತಾರಕೇಶ್ವರ ದೇವಾಲಯದ ಆವರಣದಲ್ಲಿ ನಿಂತಿರುವ ವೀರಗಲ್ಲುಗಳ ಎದುರು ಈ ಮಾತು ನೆನಪಾದರೆ ವಿಚಿತ್ರವೆನಿಸುತ್ತದೆ. ಕಲ್ಲಿನಲ್ಲಿರುವ ಆ ವೀರನಿಗೆ ಇದ್ದದ್ದು ಒಂದೇ ಜೀವ. ಅದನ್ನು ಕೊಟ್ಟ ಕಾರಣಕ್ಕೇ ಅವನಿಗೆ ಕಲ್ಲು ನಿಂತಿತು. ಹಾಗಿದ್ದರೂ ಕಲ್ಲು ಕಡೆದ ರೂವಾರಿ ಮತ್ತು ಆಟ ರೂಪಿಸಿದ ತಂತ್ರಜ್ಞ ಎದುರಿಸಿದ ಸಮಸ್ಯೆ ಒಂದೇ: ದೊಡ್ಡ ಕತೆ, ಸಣ್ಣ ಚೌಕಟ್ಟು. ಇಷ್ಟು ಕಿರಿದಾದ ಜಾಗದಲ್ಲಿ ವೀರನ ಬದುಕಿನಿಂದ ಯಾವುದನ್ನು ಉಳಿಸಿಕೊಳ್ಳಬೇಕು, ಯಾವುದನ್ನು ಬಿಡಬೇಕು? ಇಬ್ಬರೂ ಕೊಟ್ಟ ಉತ್ತರ ಬೇರೆ ಬೇರೆ. ಒಂದು ಸಮಾಜ ತನ್ನ ವೀರರಿಂದ ಏನನ್ನು ಬಯಸುತ್ತದೆ ಎಂಬುದು ಆ ವ್ಯತ್ಯಾಸದಲ್ಲಿ ಕಾಣುತ್ತದೆ.

ಕ್ಯಾಲ್ಕುಲೇಟರಿನಿಂದ ಹುಟ್ಟಿದ ಆಟ

ಕೈಯಲ್ಲಿ ಹಿಡಿದು ಆಡುವ ವಿಡಿಯೊ ಗೇಮಿನ ಇತಿಹಾಸದಲ್ಲಿ ಜಪಾನಿನ ಗುನ್‌ಪೆಯ್ ಯೊಕೊಯ್ ಅವರ ಹೆಸರು ಮುಖ್ಯವಾದದ್ದು. ಅವರು ಕೆಲಸ ಮಾಡುತ್ತಿದ್ದ ನಿಂಟೆಂಡೊ ಸಂಸ್ಥೆ 1889ರಲ್ಲಿ ಕ್ಯೋಟೊ ನಗರದಲ್ಲಿ ಇಸ್ಪೀಟಿನಂಥ ಎಲೆಗಳನ್ನು ತಯಾರಿಸುವ ಅಂಗಡಿಯಾಗಿ ಹುಟ್ಟಿತ್ತು. ರೈಲಿನಲ್ಲಿ ಹೊತ್ತು ಹೋಗದೆ ಕ್ಯಾಲ್ಕುಲೇಟರಿನ ಗುಂಡಿಗಳನ್ನು ಸುಮ್ಮನೆ ಒತ್ತುತ್ತ ಕುಳಿತಿದ್ದ ಒಬ್ಬ ನೌಕರನನ್ನು ಕಂಡು ಯೊಕೊಯ್ ಅವರಿಗೆ ಕಿರು ಆಟದ ಯೋಚನೆ ಬಂತೆಂದು ಹೇಳುತ್ತಾರೆ. 1980ರಲ್ಲಿ ಬಂದ 'ಗೇಮ್ ಅಂಡ್ ವಾಚ್' ಅದರ ಫಲ. ಕ್ಯಾಲ್ಕುಲೇಟರಿನಲ್ಲಿ ಅಂಕಿಗಳನ್ನು ತೋರಿಸುವ ದ್ರವಸ್ಫಟಿಕದ ಪರದೆಯ ಮೇಲೆ ಅಲ್ಲಿ ಸಣ್ಣ ಮನುಷ್ಯರು ಕುಣಿದರು.

1989ರ ಏಪ್ರಿಲಿನಲ್ಲಿ ಬಂದ 'ಗೇಮ್ ಬಾಯ್' ಇದರ ಮುಂದಿನ ಹೆಜ್ಜೆ. ಅದರ ಪರದೆಯಲ್ಲಿ ಅಡ್ಡಡ್ಡ 160, ಉದ್ದುದ್ದ 144 ಚುಕ್ಕೆಗಳಿದ್ದವು. ಬಣ್ಣವಿರಲಿಲ್ಲ. ಹಸಿರು ಛಾಯೆಯ ಪರದೆಯ ಮೇಲೆ ಕೇವಲ ನಾಲ್ಕು ದರ್ಜೆಯ ಬೆಳಕು ನೆರಳು. ಇದಕ್ಕಿಂತ ಉತ್ತಮ ಪರದೆಗಳು ಆಗಲೇ ಲಭ್ಯವಿದ್ದವು. ಆದರೆ ಹಳತಾಗಿ, ಪಳಗಿ, ಅಗ್ಗವಾದ ತಂತ್ರಜ್ಞಾನವನ್ನು ಹೊಸ ಬಗೆಯಲ್ಲಿ ಬಳಸಬೇಕೆಂಬುದು ಯೊಕೊಯ್ ಅವರ ನಿಲುವು. ಬಣ್ಣದ ಪರದೆಯ ಪೈಪೋಟಿ ಯಂತ್ರಗಳು ಬೇಗಬೇಗನೆ ಸೆಲ್ ತಿಂದು ಹಾಕುತ್ತಿದ್ದಾಗ ಗೇಮ್ ಬಾಯ್ ನಾಲ್ಕು ಪೆನ್ಸಿಲ್ ಸೆಲ್‌ಗಳಲ್ಲಿ ಗಂಟೆಗಟ್ಟಲೆ ನಡೆಯಿತು. ನಂತರ ಬಂದ ಬಣ್ಣದ ಮಾದರಿಯೂ ಸೇರಿ 11 ಕೋಟಿಗೂ ಹೆಚ್ಚು ಯಂತ್ರಗಳು ಮಾರಾಟವಾದವು.

ಬ್ಯಾಟ್‌ಮನ್ ಅಂಗೈಗೆ ಇಳಿದದ್ದು

ಗೇಮ್ ಬಾಯ್ ಹುಟ್ಟಿದ ವರ್ಷವೇ ಹಾಲಿವುಡ್‌ನಲ್ಲಿ ಟಿಮ್ ಬರ್ಟನ್ ನಿರ್ದೇಶನದ 'ಬ್ಯಾಟ್‌ಮನ್' ಚಿತ್ರ ತೆರೆಕಂಡಿತು. 1939ರಲ್ಲಿ ಅಮೆರಿಕದ ಚಿತ್ರಕಥಾ ಪುಸ್ತಕದಲ್ಲಿ ಜನ್ಮ ತಳೆದ ಈ ಬಾವಲಿ ವೇಷದ ವೀರನಿಗೆ ಆಗ ಐವತ್ತು ವರ್ಷ. ಮೈಕೆಲ್ ಕೀಟನ್ ವೀರನಾದರೆ, ಜ್ಯಾಕ್ ನಿಕಲ್ಸನ್ ಖಳನಾಯಕ ಜೋಕರ್. ಬಾಲ್ಯದಲ್ಲಿ ಕಣ್ಣೆದುರೇ ತಂದೆ ತಾಯಿಯರ ಕೊಲೆ ಕಂಡ ಶ್ರೀಮಂತನೊಬ್ಬ ಹಗಲಲ್ಲಿ ಒಂದು ಮುಖ, ಇರುಳಲ್ಲಿ ಇನ್ನೊಂದು ಮುಖ ಧರಿಸಿ ನಗರವನ್ನು ಕಾಯುವ ಕತೆ ಅದು. ಸೇಡಿಗೂ ನ್ಯಾಯಕ್ಕೂ ನಡುವೆ ತೂಗಾಡುವ ಆ ಮನಸ್ಸೇ ಚಿತ್ರದ ಜೀವಾಳ.

1990ರಲ್ಲಿ ಜಪಾನಿನ ಸನ್‌ಸಾಫ್ಟ್ ಸಂಸ್ಥೆ ಈ ಚಿತ್ರವನ್ನು ಗೇಮ್ ಬಾಯ್ ಆಟವಾಗಿ ಹೊರತಂದಿತು. ರಾಸಾಯನಿಕ ಕಾರ್ಖಾನೆ, ವಸ್ತುಸಂಗ್ರಹಾಲಯ, ಬಾವಲಿಯಾಕಾರದ ವಿಮಾನದ ಹಾರಾಟ, ಕೊನೆಗೆ ಚರ್ಚಿನ ಗೋಪುರ, ಹೀಗೆ ಚಿತ್ರದ ಪ್ರಮುಖ ತಾಣಗಳೆಲ್ಲ ಆಟದಲ್ಲಿವೆ. ನಡುನಡುವೆ ಒಂದಿಷ್ಟು ಸ್ಥಿರಚಿತ್ರ, ಒಂದೆರಡು ಸಾಲು ಮಾತು. ಉಳಿದದ್ದೆಲ್ಲ ಓಟ, ನೆಗೆತ, ಹೊಡೆತ. ಬೆರಳ ಉಗುರಿಗಿಂತ ಚಿಕ್ಕದಾದ ವೀರ ಇಟ್ಟಿಗೆಯಂಥ ಚೌಕಗಳನ್ನು ಒಡೆಯುತ್ತ, ಅದರಿಂದ ಹೊಸ ಬಗೆಯ ಗುಂಡುಗಳನ್ನು ಪಡೆಯುತ್ತ ಮುಂದೆ ಸಾಗುತ್ತಾನೆ.

ಈ ಗುಂಡುಗಳ ವಿಷಯ ಗಮನಿಸತಕ್ಕದ್ದು. ಆರಂಭದ ಕೆಲವು ಕತೆಗಳನ್ನು ಬಿಟ್ಟರೆ ಚಿತ್ರಕಥೆಗಳ ಬ್ಯಾಟ್‌ಮನ್ ಕೈಗೆ ಬಂದೂಕು ತೆಗೆದುಕೊಳ್ಳದವನೆಂದೇ ಹೆಸರಾದವನು. ಹೆತ್ತವರನ್ನು ಬಲಿ ತೆಗೆದುಕೊಂಡ ಆಯುಧವನ್ನು ಅವನು ಮುಟ್ಟುವುದಿಲ್ಲ. ಅಂಗೈ ಆಟದಲ್ಲಾದರೋ ಅವನು ಮೊದಲಿನಿಂದ ಕೊನೆಯವರೆಗೆ ಗುಂಡು ಹಾರಿಸುತ್ತಲೇ ಇರುತ್ತಾನೆ. ಕಿವಿ ಮೊನಚಾದ ಮುಖವಾಡ ಉಳಿಯಿತು, ಹೆಸರು ಉಳಿಯಿತು. ಅವನು ಏಕೆ ಹೋರಾಡುತ್ತಾನೆ, ಏನನ್ನು ಮಾಡಲೊಲ್ಲ ಎಂಬುದು ಹೊರಗುಳಿಯಿತು.

ಇದಕ್ಕೆ ತಯಾರಕರನ್ನಷ್ಟೇ ದೂರಿ ಫಲವಿಲ್ಲ. ಆಟವೆಂದರೆ ಆಡುವವನ ಬೆರಳಿಗೆ ಪ್ರತಿ ಕ್ಷಣ ಕೆಲಸ ಕೊಡಬೇಕಾದ ವಸ್ತು. ಸಂಕಟಪಡುವ ಗುಂಡಿ, ಕ್ಷಮಿಸುವ ಗುಂಡಿ ಎಂಬುದಿಲ್ಲ. ಗೇಮ್ ಬಾಯ್‌ನಲ್ಲಿ ದಿಕ್ಕು ತೋರುವ ಗುಂಡಿ ಬಿಟ್ಟರೆ ಆಟಕ್ಕೆ ಒದಗುತ್ತಿದ್ದವು ಮುಖ್ಯವಾಗಿ ಎರಡೇ, ಒಂದು ನೆಗೆಯಲು, ಒಂದು ಹೊಡೆಯಲು. ಇದರ ಮೇಲೆ ವ್ಯಾಪಾರದ ಅವಸರ. ಸಿನಿಮಾದ ಹೆಸರು ಜನರ ಬಾಯಲ್ಲಿರುವಾಗಲೇ ಆಟ ಅಂಗಡಿಗೆ ಬರಬೇಕು. ಅಂಥ ಅವಸರದ ಹಳೆಯ ಉದಾಹರಣೆ 1982ರ 'ಇ.ಟಿ.' ಚಿತ್ರದ ಆಟ. ಅಟಾರಿ ಸಂಸ್ಥೆಗಾಗಿ ಸುಮಾರು ಐದು ವಾರಗಳಲ್ಲಿ ತಯಾರಾದ ಅದು ಮಾರಾಟದಲ್ಲಿ ನೆಲಕಚ್ಚಿತು. ಉಳಿದ ಸರಕನ್ನು ನ್ಯೂ ಮೆಕ್ಸಿಕೊದ ಕಸದ ಗುಂಡಿಯಲ್ಲಿ ಹೂಳಲಾಯಿತು. 2014ರಲ್ಲಿ ಅಗೆದಾಗ ಅವು ಮತ್ತೆ ಹೊರಬಂದವು.

ವಿರಾಟನಗರದ ವೇಷಧಾರಿಗಳು

ಎರಡು ಮುಖದ ವೀರ ಹಾನಗಲ್ ಸೀಮೆಗೆ ಹೊಸಬನೇನಲ್ಲ. ಪಾನುಂಗಲ್ಲು ಎಂದು ಶಾಸನಗಳು ಕರೆಯುವ ಈ ಊರನ್ನು ಜನ ಮಹಾಭಾರತದ ವಿರಾಟನಗರವೆಂದೂ ನಂಬಿದ್ದಾರೆ. ಅಜ್ಞಾತವಾಸದ ವರ್ಷದಲ್ಲಿ ಭೀಮ ಅಡುಗೆಯವನಾದ, ಅರ್ಜುನ ನಾಟ್ಯ ಕಲಿಸುವ ಬೃಹನ್ನಳೆಯಾದ. ಹಗಲಲ್ಲಿ ಸೌಟು ಹಿಡಿದ ಕೈ ಇರುಳಲ್ಲಿ ಕೀಚಕನನ್ನು ಕೊಂದಿತು. ಅಮೆರಿಕದ ಮಹಾವೀರರ ಗುಟ್ಟಿನ ಗುರುತು, ತೋರಿಕೆಯ ಸಾಧುತನ, ಸಮಯ ಬಂದಾಗ ಹೊರಬೀಳುವ ಬಲ ಎಲ್ಲವೂ ಇಲ್ಲಿವೆ. ಹಾನಗಲ್, ಶಿಗ್ಗಾವಿ, ಸವಣೂರು, ಹಿರೇಕೆರೂರು ಕಡೆಯ ಜನರಿಗೆ ಬಯಲಾಟ ಹತ್ತಿರದ್ದು. ಭೀಮ ಅಲ್ಲಿ ರಾತ್ರಿಯಿಡೀ ಮಾತಾಡಬಲ್ಲ. ಅವನಿಗೆ ಸಮಯದ ಕೊರತೆಯಿಲ್ಲ.

ರೂವಾರಿಗೆ ಆ ಸೌಕರ್ಯವಿರಲಿಲ್ಲ. ಅವನ ಕೈಯಲ್ಲಿದ್ದದ್ದು ಒಂದು ಕಲ್ಲಿನ ಹಲಗೆ. ವೀರಗಲ್ಲಿನಲ್ಲಿ ಸಾಮಾನ್ಯವಾಗಿ ಮೂರು ಪಟ್ಟಿಕೆಗಳಿರುತ್ತವೆ, ಕೆಳಗಿನಿಂದ ಮೇಲಕ್ಕೆ ಓದಬೇಕು. ಕೆಳಗೆ ಕಾಳಗ: ಬಿಲ್ಲು, ಕತ್ತಿ, ಕುದುರೆ, ಕೆಲವೊಮ್ಮೆ ಆನೆ. ನಡುವೆ ಅಪ್ಸರೆಯರು ಸತ್ತ ವೀರನನ್ನು ಎತ್ತಿಕೊಂಡು ಹೋಗುತ್ತಿರುವ ನೋಟ. ಮೇಲೆ ದೇವಲೋಕದಲ್ಲಿ ಲಿಂಗದ ಮುಂದೆ ಕುಳಿತ ವೀರ. ಆಟದ ಭಾಷೆಯಲ್ಲಿ ಹೇಳುವುದಾದರೆ ಮೂರು ಹಂತ. ಆದರೆ ಇಲ್ಲಿ ವೀರ ಎರಡನೆಯ ಹಂತಕ್ಕೆ ಏರುವುದು ಮೊದಲನೆಯದರಲ್ಲಿ ಸಾಯುವುದರಿಂದ.

ಇನ್ನೊಂದು ಮುಖ್ಯ ಸಂಗತಿಯೆಂದರೆ, ಪಟ್ಟಿಕೆಗಳ ನಡುವಿನ ಕಿರಿದಾದ ಅಂಚನ್ನು ಹಲವೆಡೆ ಬರಹಕ್ಕೆ ಮೀಸಲಿಟ್ಟಿರುವುದು. ಇಂಥ ಅರಸ ಆಳುತ್ತಿದ್ದಾಗ, ಇಂಥ ಸಂವತ್ಸರದಲ್ಲಿ, ಇಂಥವನ ಮಗ ಇಂಥವನು, ಇದಕ್ಕಾಗಿ ಕಾದಿ ಸತ್ತ ಎಂದು ಅಲ್ಲಿ ಬರೆದಿರುತ್ತದೆ. ಆ 'ಇದಕ್ಕಾಗಿ' ಎಂಬುದಕ್ಕೆ ಹಳಗನ್ನಡದಲ್ಲಿ ಪ್ರತ್ಯೇಕ ಹೆಸರುಗಳೇ ಇದ್ದವು. ದನಗಳನ್ನು ಹೊಡೆದುಕೊಂಡು ಹೋಗುವವರನ್ನು ತಡೆದರೆ ಅದು ತುರುಗೋಳು, ಊರಿನ ಮೇಲೆ ಬಿದ್ದವರನ್ನು ಎದುರಿಸಿದರೆ ಊರಳಿವು, ಹೆಣ್ಣುಮಕ್ಕಳ ಮಾನ ಕಾಪಾಡಲು ಕಾದಿದರೆ ಪೆಣ್ಬುಯ್ಯಲ್. ಸತ್ತವನ ಕುಟುಂಬಕ್ಕೆ ಭೂಮಿ ಬಿಡುವ ಪದ್ಧತಿಗೆ ನೆತ್ತರುಗೊಡಗೆ ಎಂಬ ಹೆಸರಿತ್ತು. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಹತ್ತನೆಯ ಶತಮಾನದ ಕಲ್ಲೊಂದು ಹಂದಿಯೊಡನೆ ಕಾದಿ ಸತ್ತ ಕಾಳಿ ಎಂಬ ನಾಯಿಯನ್ನೂ ಹೆಸರು ಹಿಡಿದು ಸ್ಮರಿಸುತ್ತದೆ. ಜಾಗ ಎಷ್ಟೇ ಕಿರಿದಾಗಿರಲಿ, ಹೆಸರು ಮತ್ತು ಕಾರಣ ಎರಡಕ್ಕೂ ಅಲ್ಲಿ ಎಡೆಯಿತ್ತು.

ಹಾನಗಲ್ಲಿಗೆ ಇಂಥ ಕಲ್ಲುಗಳು ಬೇಕಾದ ಸಂದರ್ಭಗಳೂ ಕಡಿಮೆಯಿರಲಿಲ್ಲ. ಇಲ್ಲಿಂದ ಆಳಿದ ಕದಂಬರು ಕಲ್ಯಾಣ ಚಾಲುಕ್ಯರ ಸಾಮಂತರು. ಹನ್ನೆರಡನೆಯ ಶತಮಾನದಲ್ಲಿ ಹೊಯ್ಸಳರ ಕಣ್ಣು ಈ ಕೋಟೆಯ ಮೇಲೆ ಮತ್ತೆ ಮತ್ತೆ ಬಿತ್ತು. ವಿಷ್ಣುವರ್ಧನ ಇದನ್ನು ಗೆದ್ದ. 1196ರಲ್ಲಿ ಇಮ್ಮಡಿ ಬಲ್ಲಾಳ ಮುತ್ತಿದಾಗ ಕದಂಬರ ದಂಡನಾಯಕ ತನ್ನ ಪ್ರಾಣ ತೆತ್ತು ಅವನನ್ನು ಹಿಮ್ಮೆಟ್ಟಿಸಿದ.

ಹಿರೇಕೆರೂರು ತಾಲ್ಲೂಕಿನ ಅಬಲೂರಿನಲ್ಲಿ ಇನ್ನೊಂದು ಬಗೆಯ ವೀರನಿದ್ದಾನೆ. ಸೋಮೇಶ್ವರ ದೇವಾಲಯದ ಸುಮಾರು 1200ರ ಶಾಸನ ಏಕಾಂತದ ರಾಮಯ್ಯನ ಕತೆ ಹೇಳುತ್ತದೆ. ಪಂಥ ಕಟ್ಟಿ ಶಿವನ ಮುಂದೆ ತಲೆ ಕತ್ತರಿಸಿಕೊಂಡು, ಏಳು ದಿನಗಳ ನಂತರ ಅದನ್ನು ಮರಳಿ ಪಡೆದವನು ಅವನು. ಶೈವರಿಗೂ ಜೈನರಿಗೂ ನಡೆದ ಕಹಿ ಕಲಹದ ಕತೆಯಿದು, ಗೆದ್ದವರ ಕಡೆಯಿಂದ ಹೇಳಿದ್ದು. ಅದನ್ನು ಬಿಡಿಸಿ ತೋರಿಸುವ ಶಿಲ್ಪಪಟ್ಟಿಕೆಗಳು ಅದೇ ಗುಡಿಯಲ್ಲಿವೆ. ಏನು ನಡೆಯುತ್ತಿದೆ ಎಂದು ತಿಳಿಸುವ ಚಿಕ್ಕ ಬರಹಗಳು ಅವುಗಳ ಜೊತೆಗಿವೆ. ಇಲ್ಲಿ ಸತ್ತವನು ಎದ್ದು ಬರುತ್ತಾನೆ, ನಿಜ. ಆದರೆ ಒಂದೇ ಸಲ, ಅದೂ ಒಂದು ನಂಬಿಕೆಯನ್ನು ಪಣಕ್ಕಿಟ್ಟು.

ಮಾತಿಲ್ಲದ ವೀರ

ಕನ್ನಡದ ಮಕ್ಕಳಿಗೆ ವಿದೇಶಿ ಮಹಾವೀರರು ತಲುಪಿದ ದಾರಿಯೂ ವಿಶಿಷ್ಟ. 1960ರ ದಶಕದ ಚಳವಳಿಯ ನಂತರ ಕನ್ನಡಕ್ಕೆ ಡಬ್ಬಿಂಗ್ ಬಹುಕಾಲ ನಿಂತೇ ಹೋಗಿತ್ತು. 2002ರಲ್ಲಿ ಬಂದ 'ಸ್ಪೈಡರ್‌ಮ್ಯಾನ್' ಹಿಂದಿ, ತಮಿಳು, ತೆಲುಗು ಮಾತಾಡಿದ, ಕನ್ನಡ ಮಾತಾಡಲಿಲ್ಲ. 2015ರಲ್ಲಿ ಭಾರತೀಯ ಸ್ಪರ್ಧಾ ಆಯೋಗ ಡಬ್ಬಿಂಗ್ ತಡೆಯುವುದರ ವಿರುದ್ಧ ತೀರ್ಪು ಕೊಟ್ಟ ನಂತರವೇ ಪರಿಸ್ಥಿತಿ ನಿಧಾನವಾಗಿ ಬದಲಾಯಿತು. ಅಂಗೈ ಆಟಕ್ಕೆ ಮಾತ್ರ ಈ ಗೋಡೆ ಅಡ್ಡ ಬರಲಿಲ್ಲ, ಏಕೆಂದರೆ ಅದರ ವೀರನಿಗೆ ಮಾತೇ ಬೇಕಿರಲಿಲ್ಲ. ಗೇಮ್ ಬಾಯ್ ದುಬಾರಿ ವಸ್ತು. ನಮ್ಮ ಊರುಗಳಿಗೆ ಹೆಚ್ಚಾಗಿ ಬಂದದ್ದು ಇಟ್ಟಿಗೆ ಜೋಡಿಸುವ ಅಗ್ಗದ 'ಬ್ರಿಕ್ ಗೇಮ್', ಆಮೇಲೆ ಮೊಬೈಲಿನ ಹಾವಿನ ಆಟ. ಎಲ್ಲೂ ಭಾಷೆಯ ತೊಡಕಿಲ್ಲ. ಮಾತಿಲ್ಲದ್ದರಿಂದಲೇ ಅವು ಎಲ್ಲರನ್ನೂ ತಲುಪಿದವು. ಅದೇ ಕಾರಣಕ್ಕೆ ಯಾರ ಕತೆಯನ್ನೂ ಹೇಳಲಿಲ್ಲ.

ಇಂಥ ಆಟಗಳನ್ನು ತಯಾರಿಸುವ ಕೆಲಸದಲ್ಲಿ ಕರ್ನಾಟಕಕ್ಕೂ ಪಾಲಿದೆ. ಹಾವೇರಿ ಜಿಲ್ಲೆ ರೂಪುಗೊಂಡ 1997ರಲ್ಲೇ ಬೆಂಗಳೂರಿನಲ್ಲಿ ಧ್ರುವ ಇಂಟರಾಕ್ಟಿವ್ ಸಂಸ್ಥೆ ಶುರುವಾಯಿತು. ಹೊರದೇಶದ ಆಟಗಳಿಗೆ ಬೇಕಾದ ಚಿತ್ರಗಳನ್ನು ರಚಿಸಿಕೊಡುವುದು ಅದರ ಮುಖ್ಯ ಕಸುಬಾಯಿತು. ನಮ್ಮದೇ ವೀರರನ್ನು ಆಟಕ್ಕೆ ಇಳಿಸುವ ಯತ್ನಗಳೂ ನಡೆದವು. 2009ರಲ್ಲಿ ಹೈದರಾಬಾದಿನ ಸಂಸ್ಥೆಯೊಂದು ಹನುಮಂತನನ್ನು ಪ್ಲೇಸ್ಟೇಷನ್ ಆಟವಾಗಿಸಿದಾಗ, ದೇವರನ್ನು ಗುಂಡಿ ಒತ್ತಿ ಕುಣಿಸುವುದೇ ಎಂಬ ಆಕ್ಷೇಪ ಎದ್ದಿತು. 2011ರಲ್ಲಿ ಹಿಂದಿಯ 'ರಾ.ಒನ್' ಚಿತ್ರದ ಜೊತೆಗೇ ಅದರ ಆಟವೂ ಬಂತು.

ಸಿನಿಮಾ ಬಿಡುಗಡೆಯ ಬೆನ್ನಿಗೇ ಅಂಗೈ ಯಂತ್ರಕ್ಕೆ ಆಟ ತರುವ ಪದ್ಧತಿ ಮುಂದೆ ಕ್ಷೀಣಿಸಿತು. 2014ರ 'ದಿ ಅಮೇಜಿಂಗ್ ಸ್ಪೈಡರ್‌ಮ್ಯಾನ್ 2' ಆ ಸಾಲಿನ ಕೊನೆಯ ದೊಡ್ಡ ಹೆಸರುಗಳಲ್ಲಿ ಒಂದು. ಆಟಗಳು ಮೊಬೈಲ್ ಫೋನಿಗೆ ಹೋದವು. ಹಳೆಯ ಗೇಮ್ ಬಾಯ್‌ಗಳು ಸಂಗ್ರಾಹಕರ ಕಪಾಟು ಸೇರಿದವು.

ಶಿಗ್ಗಾವಿ ತಾಲ್ಲೂಕಿನ ಗೊಟಗೋಡಿಯಲ್ಲಿ ಈಗ ಜಾನಪದ ವಿಶ್ವವಿದ್ಯಾಲಯವಿದೆ. ಅಲ್ಲೇ ಬಯಲಾಟದ ಪುನರುಜ್ಜೀವನಕ್ಕೆ ದುಡಿದ ಕಲಾವಿದ ಟಿ.ಬಿ. ಸೊಲಬಕ್ಕನವರ ಕಟ್ಟಿದ ಉತ್ಸವ ರಾಕ್ ಗಾರ್ಡನ್ ಇದೆ. ಹಳ್ಳಿಯ ಬದುಕಿನ ನೂರಾರು ಶಿಲ್ಪಗಳ ನಡುವೆ ಡಾ. ರಾಜ್‌ಕುಮಾರ್ ಅವರ ಸಿನಿಮಾ ಪಾತ್ರಗಳೂ ಅಲ್ಲಿ ನಿಂತಿವೆ. ತೆರೆಯ ವೀರ ಈ ನೆಲದಲ್ಲಿ ಮತ್ತೆ ಶಿಲ್ಪವಾಗಿದ್ದಾನೆ. ನೋಡುವವರು ಪಾತ್ರದ ಹೆಸರು ಹೇಳುತ್ತಾರೆ, ಕತೆಯನ್ನೂ ಹೇಳುತ್ತಾರೆ.

ಊರೂರ ವೀರಗಲ್ಲುಗಳ ಸ್ಥಿತಿ ಅಷ್ಟು ಚೆನ್ನಾಗಿಲ್ಲ. ಹೊಲದ ಬದುವಿನಲ್ಲಿ, ಬಾವಿಯ ದಂಡೆಯಲ್ಲಿ ಅಕ್ಷರ ಸವೆದು ಬಿದ್ದಿರುವವು ಎಷ್ಟೋ. ಅಕ್ಷರ ಸವೆದ ಕಲ್ಲಿನಲ್ಲಿ ಉಳಿಯುವುದು ಕತ್ತಿ ಎತ್ತಿದ ಒಬ್ಬ ಮನುಷ್ಯ ಮಾತ್ರ. ಅವನು ಯಾರ ದನ ಬಿಡಿಸಲು ಹೋದ, ಯಾವ ಊರಿಗೆ ಅಡ್ಡ ನಿಂತ ಎಂಬುದು ತಿಳಿಯದು. ಕಾರಣ ಕಳೆದುಕೊಂಡ ಆ ವೀರನಿಗೂ ಪರದೆಯ ಮೇಲೆ ಸುಮ್ಮನೆ ಗುಂಡು ಹಾರಿಸುವ ವೀರನಿಗೂ ಆಗ ಹೆಚ್ಚಿನ ಅಂತರ ಉಳಿಯುವುದಿಲ್ಲ. ಮುಂದೊಂದು ದಿನ ಹಾನಗಲ್ಲಿನ ವೀರನೊಬ್ಬ ಆಟವಾಗಿ ಮಕ್ಕಳ ಕೈಗೆ ಬರಬಹುದು. ಅವನಿಗೆ ಎಷ್ಟು ಲೈಫ್ ಕೊಡಬೇಕೆಂದು ಲೆಕ್ಕ ಹಾಕುವವರು ಮೊದಲು ಆ ಕಲ್ಲಿನ ಅಂಚಿನ ಸಾಲನ್ನು ಓದಿಕೊಳ್ಳಬೇಕು. ಅದಕ್ಕೆ ಆ ಸಾಲು ಅಲ್ಲಿಯವರೆಗೆ ಅಳಿಯದೆ ಇರಬೇಕು.