ಸರಕಿನ ಗಾಡಿಯಲ್ಲಿ ಕೂತವರು ಯಾರು?

2025ರ ಜನವರಿ 22ರಂದು ಎರಡು ಅಪಘಾತಗಳ ಸುದ್ದಿ ಒಟ್ಟಿಗೆ ಬಂತು. ಸಿಂಧನೂರು ಬಳಿ ಮಂತ್ರಾಲಯದ ಸಂಸ್ಕೃತ ಪಾಠಶಾಲೆಯ ವಿದ್ಯಾರ್ಥಿಗಳಿದ್ದ ಗಾಡಿ ಉರುಳಿ ಮೂವರು ವಿದ್ಯಾರ್ಥಿಗಳೂ ಚಾಲಕನೂ ತೀರಿಕೊಂಡಿದ್ದರು. ಯಲ್ಲಾಪುರ ಬಳಿ, ಸವಣೂರಿನಿಂದ ಕುಮಟಾ ಸಂತೆಗೆ ಹೊರಟಿದ್ದ ಹಣ್ಣು-ತರಕಾರಿ ಲಾರಿ ಉರುಳಿ ಹತ್ತು ಮಂದಿ ವ್ಯಾಪಾರಿಗಳು ಸತ್ತಿದ್ದರು. ಮೊದಲನೆಯದು ಜನರನ್ನು ಒಯ್ಯುವ ಗಾಡಿ, ಎರಡನೆಯದು ಸರಕಿನದು. ಪರಿಹಾರ ವಿಮಾ ಕಂಪನಿಯಿಂದ ಬರುತ್ತದೋ ಗಾಡಿ ಮಾಲಕನ ಬೆನ್ನು ಹತ್ತಬೇಕೋ ಎಂಬುದು ಬಹುಮಟ್ಟಿಗೆ ಈ ವ್ಯತ್ಯಾಸದ ಮೇಲೆ ನಿಂತಿದೆ.

ನಮ್ಮ ಕಡೆ ಇದು ದೂರದ ಮಾತಲ್ಲ. ಗುರುಗುಂಟಾದ ಅಮರೇಶ್ವರ ಜಾತ್ರೆಗೆ ಲಿಂಗಸುಗೂರು, ಮಸ್ಕಿ ಸೀಮೆಯ ಮನೆಮಂದಿ ಟ್ರ್ಯಾಕ್ಟರ್ ಟ್ರಾಲಿ, ಗೂಡ್ಸ್ ಟೆಂಪೊ ಹತ್ತುತ್ತಾರೆ. ಬಿಸಿಲು ತಡೆಯಲು ಮೇಲೊಂದು ತಾಡಪಾಲು ಕಟ್ಟಿದರೆ ಆಯಿತು. ಕಟ್ಟುವವರಿಗೆ ವಿಮೆಯ ನೆನಪು ಎಲ್ಲಿಂದ ಬರಬೇಕು? ರಾಯಚೂರು ಜಿಲ್ಲೆಯ ಪರಿಹಾರ ಪ್ರಕರಣಗಳ ಮೇಲ್ಮನವಿ ಹೋಗುವುದು 2008ರಲ್ಲಿ ಆರಂಭವಾದ ಹೈಕೋರ್ಟಿನ ಕಲಬುರಗಿ ಪೀಠಕ್ಕೆ. ಇಂಥ ತೀರ್ಪುಗಳನ್ನು ಓದುತ್ತ ಹೋದರೆ ಒಂದು ವಿಚಿತ್ರ ಕಣ್ಣಿಗೆ ಬೀಳುತ್ತದೆ. ಎರಡೂ ಕಡೆಯ ವಕೀಲರು ಸುಪ್ರೀಂ ಕೋರ್ಟನ್ನೇ ಸಾಕ್ಷಿಗೆ ಕರೆಯುತ್ತಾರೆ, ಇಬ್ಬರ ಬಳಿಯೂ ತೀರ್ಪು ಇರುತ್ತದೆ.

1998ರಲ್ಲಿ, ಕರ್ನಾಟಕದಿಂದ ಹೋದ ಮಲ್ಲವ್ವ ಪ್ರಕರಣದಲ್ಲಿ, ಸರಕಿನ ಗಾಡಿಯ ಪ್ರಯಾಣಿಕರಿಗೆ ಕಂಪನಿ ಹೊಣೆಯಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಮರುವರ್ಷ ಡಿಸೆಂಬರಿನಲ್ಲಿ, ಸತ್ಪಾಲ್ ಸಿಂಗ್ ಪ್ರಕರಣದಲ್ಲಿ, ಪುಕ್ಕಟೆ ಹತ್ತಿಸಿಕೊಂಡವರಿಗೂ ಕಂಪನಿಯೇ ಹೊಣೆ ಎಂದಿತು. ಮೇಲ್ನೋಟಕ್ಕೆ ನೇರ ವಿರೋಧ. ಕಾಯ್ದೆಯ ಇಸವಿ ನೋಡಿದಾಗ ಅರ್ಧ ಗಂಟು ಬಿಚ್ಚಿತು: ಮಲ್ಲವ್ವ ತೀರ್ಪು 1939ರ ಮೋಟಾರು ವಾಹನ ಕಾಯ್ದೆಯ ಮೇಲೆ, ಸತ್ಪಾಲ್ ತೀರ್ಪು 1989ರ ಜುಲೈ 1ರಂದು ಜಾರಿಗೆ ಬಂದ 1988ರ ಕಾಯ್ದೆಯ ಮೇಲೆ. ಹಳೆಯ 95ನೇ ಕಲಮಿನಲ್ಲಿ, ಬಾಡಿಗೆಗೆ ಅಥವಾ ನೌಕರಿಯ ಸಲುವಾಗಿ ಹೋಗುವವರನ್ನು ಬಿಟ್ಟರೆ ಬೇರೆ ಪ್ರಯಾಣಿಕರಿಗೆ ವಿಮೆ ಕಡ್ಡಾಯವಲ್ಲ ಎಂಬ ಸಾಲಿತ್ತು. ಹೊಸ 147ನೇ ಕಲಮಿನಲ್ಲಿ ಅದಿಲ್ಲ. ಸಾಲು ಹೋದ ಮೇಲೆ ಹೊಸ ಕಲಮಿನ ‘ಯಾವುದೇ ವ್ಯಕ್ತಿ’ ಎಂದರೆ ಎಲ್ಲರೂ ಎಂಬ ಸತ್ಪಾಲ್ ತರ್ಕ ಒಪ್ಪುವಂತೆಯೇ ಇದೆ.

ಆದರೆ 1994ರ ತಿದ್ದುಪಡಿ ಅಡ್ಡ ಬರುತ್ತದೆ. ಆ ವರ್ಷದ ನವೆಂಬರ್ 14ರಿಂದ ಇದೇ ಕಲಮಿಗೆ ‘ಸರಕಿನ ಮಾಲಕ ಅಥವಾ ಅವನ ಅಧಿಕೃತ ಪ್ರತಿನಿಧಿ’ ಸೇರಿದರು. ಎಲ್ಲರೂ ಮೊದಲೇ ಒಳಗಿದ್ದರೆ ಇವರನ್ನು ಹೊಸದಾಗಿ ಸೇರಿಸಿದ್ದೇಕೆ? ಇದೊಂದನ್ನೇ ಹಿಡಿದು ತೀರ್ಮಾನಕ್ಕೆ ಬರಲಾಗದು. ಸಂಶಯ ನಿವಾರಣೆಗೆಂದೇ ಸಂಸತ್ತು ಮಾತು ಸೇರಿಸುವುದುಂಟು. ವಿಮೆಯ ಅಧ್ಯಾಯವನ್ನು ಎಷ್ಟು ತಿರುವಿದರೂ ಇದಕ್ಕಿಂತ ಮುಂದೆ ದಾರಿಯಿಲ್ಲ.

ಉತ್ತರ ಇದ್ದದ್ದು ಯಾರೂ ನಿಲ್ಲದೆ ದಾಟುವ ವ್ಯಾಖ್ಯೆಗಳ ಪುಟದಲ್ಲಿ. 1939ರ ಕಾಯ್ದೆಯ ಪ್ರಕಾರ, ಪ್ರಯಾಣಿಕರ ಜತೆಗೆ ಸರಕನ್ನೂ ಒಯ್ಯುವ ಗಾಡಿ ಸರಕಿನ ಗಾಡಿಯೇ. 1988ರ 2(14)ನೇ ಕಲಮಿನಲ್ಲಿ ಪ್ರಯಾಣಿಕರ ಮಾತೇ ಮಾಯವಾಗಿದೆ. ‘ಕೇವಲ’ ಸರಕು ಒಯ್ಯಲು ಕಟ್ಟಿದ ಗಾಡಿ ಎಂದಿದೆ. ಒಂದು ಕಲಮಿನಿಂದ ಪ್ರಯಾಣಿಕರ ನಿರ್ಬಂಧ ಹೋದದ್ದು ಔದಾರ್ಯದಿಂದಲ್ಲ, ಇನ್ನೊಂದು ಕಲಮು ಅವರನ್ನು ಗಾಡಿಯಿಂದಲೇ ಇಳಿಸಿದ್ದರಿಂದ. 2002ರ ಡಿಸೆಂಬರಿನಲ್ಲಿ ಆಶಾರಾಣಿ ಪ್ರಕರಣದ ಮೂವರು ನ್ಯಾಯಮೂರ್ತಿಗಳ ಪೀಠ ಈ ಎರಡನ್ನೂ ಜೋಡಿಸಿ ಓದಿ ಸತ್ಪಾಲ್ ತೀರ್ಪನ್ನು ತಳ್ಳಿಹಾಕಿತು. ತಿದ್ದುಪಡಿಯ ವಾದಕ್ಕಿಂತ ವ್ಯಾಖ್ಯೆಯ ವಾದಕ್ಕೇ ನಾನು ಹೆಚ್ಚು ತೂಕ ಕೊಡುತ್ತೇನೆ.

2004ರ ಜನವರಿಯ ಬಲ್ಜೀತ್ ಕೌರ್ ತೀರ್ಪು ಇದನ್ನೇ ಗಟ್ಟಿ ಮಾಡಿತು, ಆದರೆ ನೊಂದವರನ್ನು ಬರಿಗೈಯಲ್ಲಿ ಕಳಿಸಲಿಲ್ಲ. ಕಾನೂನೇ ಅಸ್ಪಷ್ಟವಾಗಿತ್ತೆಂದು ಒಪ್ಪಿ, ಕಂಪನಿ ಮೊದಲು ದುಡ್ಡು ಕೊಡಲಿ, ಆಮೇಲೆ ಮಾಲಕನಿಂದ ವಸೂಲು ಮಾಡಿಕೊಳ್ಳಲಿ ಎಂದಿತು.

ಹಾಗಾದರೆ ತರಕಾರಿ ಲಾರಿಯವರು? ಸರಕು ಅವರದೇ, 1994ರ ಬಾಗಿಲು ಅವರಿಗೆ ತೆರೆದೇ ಇರಬೇಕು. ಆದರೆ 2007ರ ಚೊಲ್ಲೇಟಿ ಭಾರತಮ್ಮ ತೀರ್ಪಿನ ಪ್ರಕಾರ ಸರಕಿನ ಮಾಲಕ ಎಂದರೆ ಕ್ಯಾಬಿನ್ನಿನಲ್ಲಿ ಕೂತವನು; ಲೋಡಿನ ಮೇಲೆ ಕೂತವನಲ್ಲ. ಯಲ್ಲಾಪುರದ ಲಾರಿಯಲ್ಲಿ ಇಪ್ಪತ್ತೈದಕ್ಕೂ ಹೆಚ್ಚು ಜನರಿದ್ದರು. ಯಾವ ಕ್ಯಾಬಿನ್ನು ಅಷ್ಟು ಜನರನ್ನು ಹಿಡಿದೀತು? ಸರಕು ಯಾರದೆಂಬುದಕ್ಕೂ ಪುರಾವೆ ಬೇಕು. ರತ್ತಾನಿ ಪ್ರಕರಣದಲ್ಲಿ, ಉಡುಗೊರೆ ಸಾಮಾನಿನ ಜತೆ ಹೊರಟವರು ನಾವು ಎಂದು ಅರ್ಜಿದಾರರು ವಾದಿಸಿದರು. ಎಫ್‌ಐಆರ್‌ನಲ್ಲಿ ಇದ್ದದ್ದು ಮದುವೆಯ ದಿಬ್ಬಣ. ಕೋರ್ಟು ನೆಚ್ಚಿದ್ದು ಎಫ್‌ಐಆರನ್ನು. ಅಪಘಾತದ ಗಾಬರಿಯಲ್ಲಿ ಬರೆಸಿದ ಫಿರ್ಯಾದಿಯ ಒಂದು ಸಾಲು ವರ್ಷಗಳ ನಂತರದ ಸಾಕ್ಷಿಯನ್ನು ಸೋಲಿಸಬಲ್ಲದು. ಅದು ಸತ್ಯಕ್ಕೆ ಹೆಚ್ಚು ಹತ್ತಿರವೋ, ಬರೀ ಮೊದಲು ಬರೆದದ್ದೋ ಎಂದು ಕಡತ ಹೇಳುವುದಿಲ್ಲ.

2025ರ ಅಪಘಾತಕ್ಕೆ ಅನ್ವಯಿಸುವುದು ಇನ್ನೂ ಹೊಸ ಪಠ್ಯ. 2019ರ ತಿದ್ದುಪಡಿಯ 147ನೇ ಕಲಮು 2022ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಸಾರಿಗೆ ವಾಹನದ ಯಾವುದೇ ಪ್ರಯಾಣಿಕನಿಗೆ ವಿಮೆ ಕಡ್ಡಾಯ, ಸರಕಿನ ಗಾಡಿಯ ಪುಕ್ಕಟೆ ಪ್ರಯಾಣಿಕನನ್ನು ಬಿಟ್ಟು ಎಂದು ಅದು ನೇರವಾಗಿ ಹೇಳುತ್ತದೆ. ಇಲ್ಲಿ ಹೊಸ ಸಂಶಯ ಹುಟ್ಟುತ್ತದೆ. ಜಾತ್ರೆಗೆ ಹೋಗುವ ಟೆಂಪೊಗೆ ತಲೆಗಿಷ್ಟು ಎಂದು ದುಡ್ಡು ಕೊಟ್ಟವನು ಪುಕ್ಕಟೆಯವನಲ್ಲವಲ್ಲ. ಅಕ್ಷರ ಹಿಡಿದು ಓದಿದರೆ ಅವನು ವಿಮೆಯ ಒಳಗೆ, ಪುಕ್ಕಟೆ ಹತ್ತಿದ ಅವನ ತಮ್ಮ ಹೊರಗೆ. ಆದರೆ ಪರ್ಮಿಟ್ಟು ಒಪ್ಪದ ಉದ್ದೇಶಕ್ಕೆ ಗಾಡಿ ಓಡಿಸಿದರೆ ಅದು ಕಂಪನಿಗೆ 150ನೇ ಕಲಮಿನಲ್ಲಿ ಸಿಗುವ ರಕ್ಷಣೆ, ಬಾಡಿಗೆಗೆ ಜನ ತುಂಬಿದ ಗೂಡ್ಸ್ ಗಾಡಿ ಆ ಬಲೆಗೆ ಬೀಳದೆ ಇರಲಾರದು. ಅಲ್ಲಿಗೆ ಮತ್ತೆ, ಮೊದಲು ಕೊಟ್ಟು ಆಮೇಲೆ ವಸೂಲು ಮಾಡುವ ದಾರಿಯೇ ಉಳಿದೀತು ಎಂದು ನನ್ನ ಊಹೆ.