ಜಾನ್ ರೋಜರ್ಸ್ (ಧರ್ಮಗುರು)

ಜಾನ್ ರೋಜರ್ಸ್ (ಸು. 1505 – ಫೆಬ್ರವರಿ 4, 1555) ಇಂಗ್ಲೆಂಡಿನ ಪ್ರಾಟೆಸ್ಟಂಟ್ ಧರ್ಮಗುರು ಮತ್ತು ಬೈಬಲ್ ಸಂಪಾದಕ. ಒಂದನೆಯ ಮೇರಿ ರಾಣಿಯ ಆಳ್ವಿಕೆಯಲ್ಲಿ ಮತದ್ರೋಹದ ಆರೋಪದ ಮೇಲೆ ಸಜೀವ ದಹನಕ್ಕೆ ಗುರಿಯಾದ ಸುಮಾರು 280 ಮಂದಿ ಪ್ರಾಟೆಸ್ಟಂಟರಲ್ಲಿ ಈತನೇ ಮೊದಲಿಗ.

ಆರಂಭಿಕ ಜೀವನ

ರೋಜರ್ಸ್ ಹುಟ್ಟಿದ್ದು ಬರ್ಮಿಂಗ್‌ಹ್ಯಾಮ್ ಸಮೀಪದ ಡೆರಿಟೆಂಡ್‌ನಲ್ಲಿ. 1526ರಲ್ಲಿ ಕೇಂಬ್ರಿಡ್ಜ್ ವಿಶ್ವವಿದ್ಯಾಲಯದ ಪದವಿ ಪಡೆದು ಕೆಲಕಾಲ ಲಂಡನ್ನಿನಲ್ಲಿ ಕ್ಯಾಥೊಲಿಕ್ ಪಾದ್ರಿಯಾಗಿದ್ದ. ಬಳಿಕ ಆಂಟ್‌ವರ್ಪ್ ನಗರದ ಇಂಗ್ಲಿಷ್ ವರ್ತಕರ ಗುರುವಾಗಿ ತೆರಳಿದ. ಅಲ್ಲಿ ಬೈಬಲ್ ಅನುವಾದಕ ವಿಲಿಯಂ ಟಿಂಡೇಲ್‌ನ ಪರಿಚಯವಾಗಿ ಆತನ ಮತದೃಷ್ಟಿಯೇ ಬದಲಾಯಿತು. ಪಾದ್ರಿಗಳು ಅವಿವಾಹಿತರಾಗಿರಬೇಕೆಂಬ ನಿಯಮವನ್ನು ತೊರೆದು ಆಡ್ರಿಯಾನಾ ಎಂಬಾಕೆಯನ್ನು ವಿವಾಹವಾದ.

ಮ್ಯಾಥ್ಯೂ ಬೈಬಲ್

1535ರಲ್ಲಿ ಬಂಧಿತನಾದ ಟಿಂಡೇಲ್‌ನನ್ನು ಮರುವರ್ಷ ಕೊಲ್ಲಲಾಯಿತು. ಹಳೆಯ ಒಡಂಬಡಿಕೆಯ ಅನುವಾದ ಅರ್ಧಕ್ಕೇ ನಿಂತಿತ್ತು. ಉಳಿದ ಭಾಗಕ್ಕೆ ಮೈಲ್ಸ್ ಕವರ್‌ಡೇಲ್‌ನ ಅನುವಾದವನ್ನು ಜೋಡಿಸಿ, ಟಿಪ್ಪಣಿಗಳನ್ನು ಸೇರಿಸಿ, ರೋಜರ್ಸ್ 1537ರಲ್ಲಿ ಸಂಪೂರ್ಣ ಬೈಬಲನ್ನು ಹೊರತಂದ. ಟಿಂಡೇಲ್‌ನ ಹೆಸರು ರಾಜನಿಗೆ ಸಹ್ಯವಾಗಿರಲಿಲ್ಲವಾದ್ದರಿಂದ ಮುಖಪುಟದಲ್ಲಿ 'ಥಾಮಸ್ ಮ್ಯಾಥ್ಯೂ' ಎಂಬ ಕಲ್ಪಿತ ಹೆಸರಿತ್ತು. ಟಿಂಡೇಲ್‌ನನ್ನು ದ್ವೇಷಿಸಿದ್ದ ಎಂಟನೆಯ ಹೆನ್ರಿಯೇ, ಅದರಲ್ಲಿ ಅವನ ಅನುವಾದವೇ ತುಂಬಿದ್ದರೂ, ಅದರ ಮಾರಾಟಕ್ಕೆ ಅನುಮತಿ ನೀಡಿದ್ದು ಇತಿಹಾಸದ ವಿಡಂಬನೆ. 1539ರ 'ಗ್ರೇಟ್ ಬೈಬಲ್' ಇದರ ಪರಿಷ್ಕರಣೆಯೇ ಆಗಿದೆ.

ಬಂಧನ ಮತ್ತು ವಿಚಾರಣೆ

ಕೆಲವು ವರ್ಷ ಜರ್ಮನಿಯಲ್ಲಿ ಸೇವೆ ಸಲ್ಲಿಸಿದ ರೋಜರ್ಸ್, ಆರನೆಯ ಎಡ್ವರ್ಡನ ಕಾಲದಲ್ಲಿ, 1548ರಲ್ಲಿ ಸ್ವದೇಶಕ್ಕೆ ಮರಳಿ ಸೇಂಟ್ ಪಾಲ್ ಪ್ರಧಾನ ದೇವಾಲಯದಲ್ಲಿ ಉಪನ್ಯಾಸಕನಾದ. ಆಗ ಅಧಿಕಾರ ಪ್ರಾಟೆಸ್ಟಂಟರ ಕೈಯಲ್ಲಿತ್ತು. 1550ರಲ್ಲಿ ಜೋನ್ ಬೋಚರ್ ಎಂಬ ಮಹಿಳೆಯನ್ನು ಮತದ್ರೋಹಕ್ಕಾಗಿ ಸುಟ್ಟಾಗ, ಆಕೆಯ ಪ್ರಾಣ ಉಳಿಸಲು ನೆರವು ಕೋರಿದ ಜಾನ್ ಫಾಕ್ಸ್‌ಗೆ ರೋಜರ್ಸ್ ಸಹಕರಿಸಲಿಲ್ಲವೆಂದೂ, ಆ ಶಿಕ್ಷೆಯನ್ನು ಸಮರ್ಥಿಸಿದನೆಂದೂ ಹಲವು ಇತಿಹಾಸಕಾರರು ಬರೆದಿದ್ದಾರೆ. ಆತನನ್ನು ಕೇವಲ ಹುತಾತ್ಮನೆಂದು ಕೊಂಡಾಡುವ ಬರಹಗಳು ಈ ಸಂಗತಿಯನ್ನು ಬಿಟ್ಟುಬಿಡುವುದುಂಟು.

1553ರ ಜುಲೈನಲ್ಲಿ ಎಡ್ವರ್ಡ್ ತೀರಿಕೊಂಡು, ಕ್ಯಾಥೊಲಿಕಳಾದ ಮೇರಿ ಪಟ್ಟಕ್ಕೆ ಬಂದಳು. ಆಗಸ್ಟ್ 6ರಂದು ರೋಜರ್ಸ್ ಎಡ್ವರ್ಡನ ಕಾಲದ ಬೋಧನೆಯಲ್ಲೇ ನೆಲೆನಿಲ್ಲುವಂತೆ ಜನರಿಗೆ ಬಹಿರಂಗವಾಗಿ ಉಪದೇಶಿಸಿದ. ಮೊದಲು ಗೃಹಬಂಧನ, ಅನಂತರ ಒಂದು ವರ್ಷ ನ್ಯೂಗೇಟ್ ಸೆರೆಮನೆಯಲ್ಲಿ ಕಳ್ಳಕಾಕರ ನಡುವೆ ವಾಸ. 1401ರ ಮತದ್ರೋಹ ವಿರೋಧಿ ಕಾನೂನನ್ನು ಸಂಸತ್ತು ಪುನರುಜ್ಜೀವನಗೊಳಿಸಿದೊಡನೆ, 1555ರ ಜನವರಿಯಲ್ಲಿ ಬಿಷಪ್ ಸ್ಟೀಫನ್ ಗಾರ್ಡಿನರ್ ವಿಚಾರಣೆ ನಡೆಸಿದ. ಪೋಪನ ಪರಮಾಧಿಕಾರವನ್ನೂ, ಪ್ರಭುಭೋಜನದ ರೊಟ್ಟಿಯು ಕ್ರಿಸ್ತನ ನಿಜದೇಹವೇ ಆಗುತ್ತದೆಂಬ ಸಿದ್ಧಾಂತವನ್ನೂ ರೋಜರ್ಸ್ ಒಪ್ಪಲಿಲ್ಲ. ಹೆಂಡತಿಯನ್ನು ಕಾಣಲು ಕೋರಿದಾಗ, ಪಾದ್ರಿಯ ಮದುವೆ ಮದುವೆಯೇ ಅಲ್ಲವೆಂಬ ಕಾರಣ ನೀಡಿ ಅದನ್ನೂ ನಿರಾಕರಿಸಲಾಯಿತು.

ಮರಣದಂಡನೆ

ಫೆಬ್ರವರಿ 4ರಂದು ಆತನನ್ನು ಸ್ಮಿತ್‌ಫೀಲ್ಡ್‌ಗೆ ಕರೆದೊಯ್ಯಲಾಯಿತು. ಸೆರೆಮನೆಯಲ್ಲಿ ಭೇಟಿ ನಿರಾಕರಿಸಲ್ಪಟ್ಟಿದ್ದ ಹೆಂಡತಿ ಹನ್ನೊಂದು ಮಕ್ಕಳೊಡನೆ ದಾರಿಯಲ್ಲಿ ಕಾದು ನಿಂತಿದ್ದಳು. ಕೊನೆಯದು ಎದೆಹಾಲು ಕುಡಿಯುವ ಕೂಸು. ಮತವನ್ನು ಹಿಂತೆಗೆದುಕೊಂಡರೆ ಕ್ಷಮೆ ದೊರೆಯುವುದೆಂದು ಕಂಬದ ಬಳಿಯೂ ಹೇಳಲಾಯಿತು, ರೋಜರ್ಸ್ ಒಪ್ಪಲಿಲ್ಲ. ಅದೇ ವಾರ ಲಾರೆನ್ಸ್ ಸಾಂಡರ್ಸ್, ಜಾನ್ ಹೂಪರ್, ರೋಲೆಂಡ್ ಟೇಲರ್ ಎಂಬ ಗುರುಗಳನ್ನೂ ಬೇರೆ ಬೇರೆ ಊರುಗಳಲ್ಲಿ ಸುಡಲಾಯಿತು.

ವಿಚಾರಣೆಯ ವಿವರಗಳನ್ನು ರೋಜರ್ಸ್ ಗುಟ್ಟಾಗಿ ಬರೆದು ಸೆರೆಕೋಣೆಯ ಮೂಲೆಯಲ್ಲಿ ಅಡಗಿಸಿಟ್ಟಿದ್ದ. ಆತನ ಮರಣಾನಂತರ ಹೆಂಡತಿಗೂ ಮಗ ಡೇನಿಯಲ್‌ಗೂ ಅವು ದೊರೆತವು. ಜಾನ್ ಫಾಕ್ಸ್ ಅವನ್ನು ತನ್ನ ಹುತಾತ್ಮರ ಚರಿತ್ರೆಯಲ್ಲಿ ಬಳಸಿಕೊಂಡ. ಡೇನಿಯಲ್ ರೋಜರ್ಸ್ ಮುಂದೆ ಒಂದನೆಯ ಎಲಿಜಬೆತ್ ರಾಣಿಯ ರಾಯಭಾರಿಯಾದ.